ಅಂಕೋರ್ ವಾಟ್‌ಗೂ ಮೊದಲು ರೊಲುವೊಸ್: ಅರ್ಧ ದಿನದಲ್ಲಿ ಮೂರು ಗುಡಿ, ಜೊತೆಗೆ ಉಳಿಯ ಸದ್ದು

ಕಾಂಬೋಡಿಯಾಕ್ಕೆ ಹೋದವರು ಸಾಮಾನ್ಯವಾಗಿ ಮೊದಲ ದಿನವೇ ನಸುಕಿನಲ್ಲಿ ಎದ್ದು ಅಂಕೋರ್ ವಾಟ್ ಮುಂದೆ ಸೂರ್ಯೋದಯಕ್ಕೆ ಕಾಯುತ್ತಾರೆ. ಅದು ನೋಡಲೇಬೇಕಾದ ಜಾಗ, ಎರಡು ಮಾತಿಲ್ಲ. ಆದರೆ ನನ್ನನ್ನು ಕೇಳಿದರೆ ಮೊದಲ ಬೆಳಿಗ್ಗೆಯನ್ನು ರೊಲುವೊಸ್‌ಗೆ ಇಟ್ಟುಕೊಳ್ಳಿ ಎನ್ನುತ್ತೇನೆ. ಸಿಯೆಮ್ ರೀಪ್ ಪಟ್ಟಣದಿಂದ ಆಗ್ನೇಯಕ್ಕೆ ಸುಮಾರು 13 ಕಿ.ಮೀ. ಅಷ್ಟೇ. ಅಂಕೋರ್ ವಾಟ್ ಏಳುವುದಕ್ಕೆ ಎರಡು ಶತಮಾನಕ್ಕೂ ಹೆಚ್ಚು ಮೊದಲು ಅಲ್ಲಿನ ಖ್ಮೇರ್ ಜನರ ರಾಜರು ಇಲ್ಲಿಂದ ಆಳುತ್ತಿದ್ದರು. ಊರಿನ ಆಗಿನ ಹೆಸರು ಹರಿಹರಾಲಯ. ಇಟ್ಟಿಗೆ, ಗಾರೆ, ಕಲ್ಲು ಈ ಮೂರನ್ನೂ ಅವರು ಹೇಗೆ ಪಳಗಿಸಿಕೊಂಡರು ಅನ್ನೋದು ಇಲ್ಲಿ ಕಣ್ಣಿಗೆ ಕಾಣುತ್ತದೆ. ಅದೇ ಸುತ್ತಿನಲ್ಲಿ ಇವತ್ತಿನ ಕುಶಲಕರ್ಮಿಗಳ ಪಕ್ಕ ಕೂತು ಅವರ ಕೆಲಸವನ್ನೂ ನೋಡಬಹುದು.

ನಾನು ಮೊದಲ ಸಲ ಇದನ್ನು ಉಲ್ಟಾ ಮಾಡಿದ್ದೆ. ದೊಡ್ಡ ಗುಡಿಗಳನ್ನೆಲ್ಲ ಮುಗಿಸಿ, ಕೊನೆಯ ದಿನ ಮಧ್ಯಾಹ್ನ ಇಲ್ಲಿಗೆ ಬಂದೆ. ನೆತ್ತಿಯ ಮೇಲೆ ಸೂರ್ಯ, ಕೆತ್ತನೆಯೆಲ್ಲ ಚಪ್ಪಟೆ. ಮತ್ತೊಮ್ಮೆ ಬೆಳಿಗ್ಗೆ ಏಳೂವರೆಗೆ ಬಂದಾಗ ಅದೇ ಬಾಗಿಲ ಮೇಲಿನ ಕಲ್ಲಿನಲ್ಲಿ ಸಣ್ಣ ಸಣ್ಣ ಕುದುರೆ ಸವಾರರು ಎದ್ದು ಬಂದಿದ್ದರು. ಅದಕ್ಕೇ ಈ ಕ್ರಮ.

ಮೊದಲು ಟಿಕೆಟ್

ರೊಲುವೊಸ್‌ಗೆ ಬೇರೆ ಟಿಕೆಟ್ ಇಲ್ಲ. ಅಂಕೋರ್ ಪಾಸೇ ಸಾಕು. ಒಂದು ದಿನಕ್ಕೆ 37 ಡಾಲರ್, ಮೂರು ದಿನಕ್ಕೆ 62, ಏಳು ದಿನಕ್ಕೆ 72. ಪ್ರತಿ ಪಾಸಿನಿಂದ 2 ಡಾಲರ್ ಕಾಂತ ಬೋಫಾ ಮಕ್ಕಳ ಆಸ್ಪತ್ರೆಗೆ ಹೋಗುತ್ತದೆ. ಮೂರು ದಿನದ ಪಾಸನ್ನು ಹತ್ತು ದಿನಗಳ ಒಳಗೆ ಯಾವ ಮೂರು ದಿನ ಬೇಕಾದರೂ ಬಳಸಬಹುದು. ಹೆಚ್ಚಿನವರಿಗೆ ಅದೇ ಸರಿ. ಪಾಸಿನ ಮೇಲೆ ನಿಮ್ಮ ಫೋಟೊ ಇರುತ್ತದೆ, ಆದ್ದರಿಂದ ಒಬ್ಬರದನ್ನು ಇನ್ನೊಬ್ಬರು ಬಳಸಲು ಆಗುವುದಿಲ್ಲ. 12 ವರ್ಷದೊಳಗಿನ ಮಕ್ಕಳಿಗೆ ಉಚಿತ, ಆದರೆ ವಯಸ್ಸು ತೋರಿಸಲು ಅವರ ಪಾಸ್‌ಪೋರ್ಟ್ ಜೊತೆಗಿರಲಿ. ಪಾಸನ್ನು ಅಧಿಕೃತ ಟಿಕೆಟ್ ಕೇಂದ್ರದಲ್ಲಿ ಅಥವಾ ಅವರದೇ ಜಾಲತಾಣದಲ್ಲಿ ಮಾತ್ರ ಕೊಳ್ಳಿ. ಹಿಂದಿನ ಸಂಜೆ ಸುಮಾರು 5 ಗಂಟೆಯ ನಂತರ ಕೊಂಡರೆ ಅದು ಮರುದಿನಕ್ಕೆ ಲೆಕ್ಕ. ಬೆಳಗಿನ ಕ್ಯೂ ತಪ್ಪುತ್ತದೆ.

ಥಾಯ್ಲೆಂಡ್ ಗಡಿಯಲ್ಲಿ 2025ರಲ್ಲಿ ಘರ್ಷಣೆ ನಡೆದಿತ್ತು. ವಿಮಾನದ ಟಿಕೆಟ್ ಬುಕ್ ಮಾಡುವ ಮೊದಲು ನಮ್ಮ ವಿದೇಶಾಂಗ ಸಚಿವಾಲಯದ ಸಲಹೆ ಏನಿದೆ ಎಂದು ಒಮ್ಮೆ ನೋಡಿಕೊಳ್ಳಿ.

ಗೈಡ್ ಮತ್ತು ಗಾಡಿ

ಟುಕ್‌ಟುಕ್ ಸಾಕು. ಆರನೇ ನಂಬರಿನ ರಾಷ್ಟ್ರೀಯ ಹೆದ್ದಾರಿಯಲ್ಲಿ ಹೋಗಬೇಕು, ಬೆಳಿಗ್ಗೆ ಲಾರಿಗಳ ಧೂಳು ಇರುತ್ತದೆ. ಮಾಸ್ಕ್ ಒಂದು ಇಟ್ಟುಕೊಳ್ಳಿ. ವಯಸ್ಸಾದವರು ಜೊತೆಗಿದ್ದರೆ ಕಾರೇ ಮೇಲು.

ಗೈಡ್ ಬೇಕಾ ಅಂತ ಬಹಳ ಜನ ಕೇಳುತ್ತಾರೆ. ಇಲ್ಲಿಗೆ ಬೇಕು. ಅಂಕೋರ್ ವಾಟ್ ತನ್ನಷ್ಟಕ್ಕೇ ನಿಮ್ಮನ್ನು ನಿಲ್ಲಿಸುತ್ತದೆ. ರೊಲುವೊಸ್ ಹಾಗಲ್ಲ, ತೋರಿಸುವವರು ಇಲ್ಲದಿದ್ದರೆ ಅರ್ಧ ಕಳೆದುಹೋಗುತ್ತದೆ. ಪ್ರವಾಸೋದ್ಯಮ ಸಚಿವಾಲಯದ ಪರವಾನಗಿ ಇರುವ ಗೈಡ್‌ಗಳಿಗೆ ಸಮವಸ್ತ್ರ ಮತ್ತು ಬ್ಯಾಡ್ಜ್ ಇರುತ್ತದೆ. ಟುಕ್‌ಟುಕ್ ಓಡಿಸುವವರ ಕೆಲಸ ಗೇಟಿನ ತನಕ ಬಿಡುವುದು, ಒಳಗಿನ ವಿವರಣೆ ಅವರದಲ್ಲ. ಮಾತಾಡುವಾಗಲೇ ಎರಡು ವಿಷಯ ಖಚಿತ ಮಾಡಿಕೊಳ್ಳಿ. ಒಂದು, ಅರ್ಧ ದಿನಕ್ಕೆ ಒಟ್ಟು ಎಷ್ಟು. ಇನ್ನೊಂದು, ‘ನಮಗೆ ಕೆಲಸ ಮಾಡುವವರನ್ನು ನೋಡಬೇಕು, ಅಂಗಡಿ ಅಲ್ಲ.’ ಇದನ್ನು ಹೇಳದೆ ಹೋಗಿ ನಾನು ಒಮ್ಮೆ ಮುಕ್ಕಾಲು ಗಂಟೆ ಎಸಿ ಶೋರೂಮಿನಲ್ಲಿ ಕಳೆದಿದ್ದೇನೆ.

ಭುಜ ಮತ್ತು ಮಂಡಿ ಮುಚ್ಚುವ ಹತ್ತಿ ಬಟ್ಟೆ, ಟೋಪಿ, ನೀರು, ಸಣ್ಣ ಮೊತ್ತದ ಡಾಲರ್ ನೋಟುಗಳು. ಹರಿದ ಡಾಲರ್ ನೋಟನ್ನು ಅಲ್ಲಿ ಯಾರೂ ಮುಟ್ಟುವುದಿಲ್ಲ. ಚಿಲ್ಲರೆಯನ್ನು ಅಲ್ಲಿನ ರಿಯಲ್‌ನಲ್ಲಿ ಕೊಡುತ್ತಾರೆ, ಡಾಲರಿಗೆ ಸುಮಾರು 4,000. ನವೆಂಬರಿನಿಂದ ಫೆಬ್ರುವರಿ ತನಕ ಹವೆ ಹಿತ. 

7:30 – ಪ್ರೇಹ್ ಕೋ: ಇಲ್ಲಿ ನಿಧಾನ ಮಾಡಿ

ಹೆದ್ದಾರಿಯಿಂದ ಬಲಕ್ಕೆ ತಿರುಗಿದರೆ ಮೊದಲು ಸಿಗುವ ಗುಡಿ ಇದು. ಹೆಸರಿನ ಅರ್ಥ ‘ಪವಿತ್ರ ವೃಷಭ’. ಮುಂದೆ ಮೂರು ಕಲ್ಲಿನ ನಂದಿ ಕೂತಿವೆ. ಮುಖ ಸವೆದಿದೆ, ಆದರೂ ಗರ್ಭಗುಡಿಯ ಕಡೆ ನೋಡುತ್ತ ಕೂತಿರುವ ಆ ಭಂಗಿ ನಮಗೆ ಗುರುತು ಹೇಳಿಕೊಡಬೇಕಾಗಿಲ್ಲ, ಅಲ್ವಾ?

ಹರಿಹರಾಲಯದಿಂದ ಆಳಿದ ಖ್ಮೇರ್ ರಾಜ ಇಂದ್ರವರ್ಮ ಇದನ್ನು 879ರಲ್ಲಿ ಪ್ರತಿಷ್ಠೆ ಮಾಡಿದ. ನಮ್ಮಲ್ಲಿ ರಾಷ್ಟ್ರಕೂಟರ ಅಮೋಘವರ್ಷ ನೃಪತುಂಗನ ಆಳ್ವಿಕೆ ಮುಗಿಯುತ್ತಿದ್ದ ಕಾಲ ಅದು. ಒಂದೇ ಜಗಲಿಯ ಮೇಲೆ ಆರು ಇಟ್ಟಿಗೆ ಗೋಪುರ, ಮೂರರಂತೆ ಎರಡು ಸಾಲು. ಮುಂದಿನವು ಖ್ಮೇರ್ ಸಾಮ್ರಾಜ್ಯ ಕಟ್ಟಿದ ಎರಡನೇ ಜಯವರ್ಮನಿಗೆ, ಇಂದ್ರವರ್ಮನ ತಂದೆಗೆ ಮತ್ತು ಅಜ್ಜನಿಗೆ. ಹಿಂದಿನವು ಅವರ ಹೆಂಡತಿಯರಿಗೆ. ಮುಂದಿನ ಗೋಪುರಗಳ ಪಕ್ಕ ದ್ವಾರಪಾಲಕರಿದ್ದಾರೆ, ಹಿಂದಿನವುಗಳ ಪಕ್ಕ ದೇವತೆಯರು. ಇಷ್ಟು ತಿಳಿದಿದ್ದರೆ ಯಾವುದು ಯಾರ ಗುಡಿ ಎಂದು ನೀವೇ ಹೇಳಬಹುದು.

ಈಗ ಮುಂದಿನ ಸಾಲಿನ ಒಂದು ಬಾಗಿಲ ಎದುರು ನಿಂತು, ಬಾಗಿಲ ಮೇಲಿನ ಅಡ್ಡ ಕಲ್ಲನ್ನು ನೋಡಿ. ನಡುವೆ ಕಣ್ಣು ಉಬ್ಬಿದ ಒಂದು ಮುಖ. ಖ್ಮೇರರು ಅದನ್ನು ಕಾಲ ಎನ್ನುತ್ತಾರೆ, ನಮಗೆ ಅದು ಕೀರ್ತಿಮುಖ. ಅದರ ಬಾಯಿಂದ ಎಡಕ್ಕೂ ಬಲಕ್ಕೂ ಹೂವಿನ ಸರ ಇಳಿಯುತ್ತದೆ. ಸರದ ತುದಿಯಲ್ಲಿ ಮಕರ. ನಡುವೆ ಎಲೆಗಳ ಸಂದಿಯಿಂದ ಹೆಬ್ಬೆರಳಿನಷ್ಟು ಸಣ್ಣ ಸವಾರರು ಹೊರಗೆ ಇಣುಕುತ್ತಾರೆ. ಹೊಯ್ಸಳರ ಮಕರತೋರಣ ನೋಡಿ ಬೆಳೆದವರಿಗೆ ಇದು ದೂರದ ನೆಂಟರ ಮನೆಗೆ ಹೋದ ಹಾಗೆ. ಗುಡಿ ಪೂರ್ವಕ್ಕೆ ಮುಖ ಮಾಡಿದೆ. ಒಂಬತ್ತು ಗಂಟೆಯ ತನಕ ಬಿಸಿಲು ಓರೆಯಾಗಿ ಬಿದ್ದು ಪ್ರತಿ ಎಲೆಯ ಅಂಚನ್ನೂ ಬಿಡಿಸಿ ತೋರಿಸುತ್ತದೆ.

ಆಮೇಲೆ ಗೋಡೆಗೆ ಬನ್ನಿ. ಇಟ್ಟಿಗೆಗಳ ನಡುವೆ ಸಂದಿ ಕಾಣದಷ್ಟು ಬಿಗಿ. ಅದರ ಮೇಲೆ ಅಲ್ಲಲ್ಲಿ ಬಿಳಿ ತೇಪೆಗಳು ಕಾಣುತ್ತವೆ. ಅದು ಸುಣ್ಣದ ಗಾರೆ. ಒಂದು ಕಾಲಕ್ಕೆ ಇಡೀ ಗೋಪುರದ ಮೇಲೆ ಗಾರೆ ಬಳಿದು ಅದರಲ್ಲಿ ಚಿತ್ತಾರ ಬಿಡಿಸಿದ್ದರು. ಈಗ ಅಂಗೈಯಗಲ ಉಳಿದಿರುವಲ್ಲೂ ಬಳ್ಳಿಯ ಸುರುಳಿ ಹಾಗೇ ಇದೆ. 1,100 ವರ್ಷದ ಮಳೆ ತಡೆದ ಸುಣ್ಣ ಅದು. ದಯವಿಟ್ಟು ಬೆರಳು ತಾಗಿಸಬೇಡಿ.

8:30 – ಬಾಕೋಂಗ್

ಸ್ವಲ್ಪ ಮುಂದೆ ಹೋದರೆ ಬಾಕೋಂಗ್. ಪ್ರೇಹ್ ಕೋ ಆಗಿ ಎರಡೇ ವರ್ಷಕ್ಕೆ, 881ರಲ್ಲಿ, ಅದೇ ರಾಜ ಶಿವನಿಗೆ ಕಟ್ಟಿಸಿದ್ದು. ಆದರೆ ಅಳತೆಯೇ ಬೇರೆ. ಇಟ್ಟಿಗೆಯಿಂದ ಮರಳುಗಲ್ಲಿಗೆ ಬಂದಿದ್ದಾರೆ, ಐದು ಹಂತದ ಬೆಟ್ಟವನ್ನೇ ಎಬ್ಬಿಸಿದ್ದಾರೆ. ಖ್ಮೇರರ ಗುಡಿ-ಬೆಟ್ಟಗಳ ದೊಡ್ಡ ಸಾಲು ಶುರುವಾಗುವುದು ಇಲ್ಲಿ. ಕಂದಕ ದಾಟಿ ಬರುವ ದಾರಿಯ ಎರಡೂ ಬದಿ ಕಲ್ಲಿನ ನಾಗಗಳು ನೆಲದ ಮೇಲೇ ಮಲಗಿವೆ.

ಹತ್ತುವ ಮೊದಲು ಮೂಲೆಯ ಆನೆಗಳನ್ನು ನೋಡಿ. ಕೆಳಗಿನ ಮೂರು ಹಂತಗಳಲ್ಲಿ ಇವೆ. ಮೇಲೆ ಹೋದಂತೆ ಆನೆ ಚಿಕ್ಕದಾಗುತ್ತದೆ, ಹಾಗಾಗಿ ಕೆಳಗೆ ನಿಂತವರಿಗೆ ಗುಡಿ ಇರುವುದಕ್ಕಿಂತ ಎತ್ತರ ಅನಿಸುತ್ತದೆ. ಐದನೇ ಹಂತದ ದಕ್ಷಿಣ ಗೋಡೆಯಲ್ಲಿ ಅಸುರರ ಉಬ್ಬುಚಿತ್ರದ ಒಂದು ತುಂಡು ಉಳಿದಿದೆ. ಗೈಡನ್ನು ಕೇಳಿ, ತೋರಿಸುತ್ತಾರೆ. ಉಳಿದ ಗೋಡೆಯ ಮೇಲಿನದೆಲ್ಲ ಸವೆದು ಹೋಗಿದೆ.

ನೆತ್ತಿಯ ಗೋಪುರ ಮೂಲದ್ದಲ್ಲ, 12ನೇ ಶತಮಾನದ್ದು. ಕೆಳಗಿನ ಹಂತಗಳಿಗೂ ಅದಕ್ಕೂ ಇರುವ ವ್ಯತ್ಯಾಸ ಕಣ್ಣಿಗೆ ಸಿಗುತ್ತದಾ ನೋಡಿ. ಬಿದ್ದ ಕಲ್ಲುಗಳನ್ನು ಒಂದೊಂದಾಗಿ ಗುರುತಿಸಿ ಮತ್ತೆ ಜೋಡಿಸುವ ಕೆಲಸ 1936ರಿಂದ 1943ರವರೆಗೆ ಫ್ರೆಂಚ್ ವಾಸ್ತುತಜ್ಞ ಮಾರಿಸ್ ಗ್ಲೇಜ್ ಕೈಯಲ್ಲಿ ನಡೆಯಿತು. ಆವರಣದಲ್ಲೇ ಬೌದ್ಧ ವಿಹಾರವಿದೆ. ಭಿಕ್ಕುಗಳು ಎದುರಾದರೆ ಕೈಮುಗಿದರೆ ಸಾಕು. ಹೆಂಗಸರು ಅವರನ್ನು ಮುಟ್ಟುವ ಹಾಗಿಲ್ಲ, ಕೈಗೆ ಏನನ್ನೂ ನೇರ ಕೊಡಬೇಡಿ.

10:00 – ಲೊಲೇ: ಬಾಗಿಲಲ್ಲಿ ಕೆಲಸದವರ ಹೆಸರು

ಹೆದ್ದಾರಿ ದಾಟಿ ಉತ್ತರಕ್ಕೆ ಬರಬೇಕು. ಈಗ ಸುತ್ತ ಗದ್ದೆ, ಆಗ ಇದು ಕೆರೆಯ ನಡುವಿನ ದ್ವೀಪ. ಇಂದ್ರತಟಾಕ ಎಂಬ ಆ ಕೆರೆ ಸುಮಾರು 3,800 ಮೀಟರ್ ಉದ್ದ, 800 ಮೀಟರ್ ಅಗಲ ಇತ್ತು. ಇಂದ್ರವರ್ಮ ತೋಡಿಸಿದ, ಮಗ ಯಶೋವರ್ಮ 893ರಲ್ಲಿ ನಡುವೆ ನಾಲ್ಕು ಇಟ್ಟಿಗೆ ಗೋಪುರ ಕಟ್ಟಿದ. ನಾಲ್ಕರ ನಡುವೆ ಒಂದು ಲಿಂಗ. ಅಲ್ಲಿಂದ ಅಭಿಷೇಕದ ನೀರು ನಾಲ್ಕು ದಿಕ್ಕಿಗೂ ಹರಿಯುವಂತೆ ಕಲ್ಲಿನ ಕಾಲುವೆ ಮಾಡಿದ್ದಾರೆ.

ಲೊಲೇಯಲ್ಲಿ ಮುಖ್ಯವಾಗಿ ನೋಡಬೇಕಾದ್ದು ಬಾಗಿಲ ಚೌಕಟ್ಟು. ಕಲ್ಲಿನ ಮೇಲೆ ಸಾಲು ಸಾಲು ಅಕ್ಷರ, ಮೊನ್ನೆ ಕೆತ್ತಿದ ಹಾಗೆ ನಯ. ಖ್ಮೇರ್ ಲಿಪಿ ಪಲ್ಲವ ಲಿಪಿಯಿಂದ ಬಂದದ್ದು. ಓದಲು ಬರದಿದ್ದರೂ ಆ ದುಂಡು ತಿರುವುಗಳು ನಮ್ಮ ಹಳೆಯ ಶಾಸನಗಳ ನೆನಪು ತರುತ್ತವೆ. ರಾಜನ ಹೊಗಳಿಕೆ ಸಂಸ್ಕೃತದಲ್ಲಿದೆ. ಖ್ಮೇರ್ ಭಾಷೆಯಲ್ಲಿ ಇರುವುದು ಗುಡಿಗೆ ಒಪ್ಪಿಸಿದ ಕೆಲಸದವರ ಹೆಸರಿನ ಪಟ್ಟಿ. ಶುಕ್ಲಪಕ್ಷಕ್ಕೆ ಒಂದು ಗುಂಪು, ಕೃಷ್ಣಪಕ್ಷಕ್ಕೆ ಇನ್ನೊಂದು ಗುಂಪು ಎಂದು ಸರದಿ ಹಾಕಿದ್ದಾರೆ. ಗೈಡ್ ಹತ್ತಿರ ಒಂದೆರಡು ಸಾಲನ್ನಾದರೂ ಬೆರಳಿಟ್ಟು, ಅಂದರೆ ದೂರದಿಂದಲೇ, ತೋರಿಸಿ ಎಂದು ಕೇಳಿ. ಎಲ್ಲಿಯೂ ಮೂರ್ತಿ ಇಲ್ಲದ ಜನ ಅವರು. ಅವರ ಹೆಸರು ಉಳಿದಿರುವುದು ಇಲ್ಲಿ ಮಾತ್ರ.

10:45 – ಈಗಿನ ಕೈಗಳು

ಈ ಸುತ್ತಿನಲ್ಲಿ ನನಗೆ ಅತ್ಯಂತ ಇಷ್ಟವಾದ ಭಾಗ ಇದು. ಸಿಯೆಮ್ ರೀಪ್ ಸುತ್ತಲಿನ ಹಳ್ಳಿಗಳಲ್ಲಿ ಚರ್ಮ ಕೆತ್ತುವವರು, ಕಲ್ಲು ಕೆತ್ತುವವರು, ತಾಳೆಗರಿ ಬುಟ್ಟಿ ಹೆಣೆಯುವವರು ಇದ್ದಾರೆ. ಗೈಡ್ ಮೊದಲೇ ಫೋನ್ ಮಾಡಿ ಯಾರು ಕೆಲಸದಲ್ಲಿದ್ದಾರೆ ಎಂದು ಕೇಳಿಟ್ಟರೆ ಒಳ್ಳೆಯದು. ಎಲ್ಲ ನೋಡಲು ಹೋಗಬೇಡಿ. ಒಂದು ಮನೆ, ಒಂದು ಗಂಟೆ.

ನಾನು ಆರಿಸಿಕೊಂಡದ್ದು ಚರ್ಮ. ‘ಸ್ಬೇಕ್ ಥೋಮ್’ ಎಂದರೆ ದೊಡ್ಡ ಚರ್ಮ, ಅಲ್ಲಿನ ತೊಗಲು ಗೊಂಬೆಯಾಟದ ಹೆಸರು. ಅದರಲ್ಲಿ ಆಡುವುದು ರೀಮ್‌ಕೇರ್, ಅವರ ರಾಮಾಯಣ. ನಮ್ಮ ತೊಗಲು ಗೊಂಬೆಗಳಿಗೆ ಬಣ್ಣವಿದೆ, ಕೈಕಾಲು ಆಡುತ್ತವೆ, ಬೆಳಕು ಚರ್ಮದ ಮೂಲಕವೇ ಹಾಯುತ್ತದೆ. ಸ್ಬೇಕ್ ಥೋಮ್ ಹಾಗಲ್ಲ. ಒಂದೇ ತುಂಡು, ಎರಡು ಮೀಟರ್ ತನಕ ಎತ್ತರ, ಕೈಕಾಲು ಅಲ್ಲಾಡುವುದಿಲ್ಲ. ಎರಡು ಬಿದಿರು ಕೋಲಿಗೆ ಕಟ್ಟಿ ಹಿಡಿದು, ಆಡಿಸುವವರೇ ಕುಣಿಯುತ್ತಾರೆ. ಬೆಳಕು ಬರುವುದು ಕೊರೆದ ತೂತುಗಳಿಂದ. ಖ್ಮೇರ್ ರೂಜ್ ಎಂಬ ಉಗ್ರ ಕಮ್ಯುನಿಸ್ಟರ ಆಡಳಿತದಲ್ಲಿ, 1975ರಿಂದ 1979ರ ನಡುವೆ, ಈ ಕಲೆ ಬಹುತೇಕ ನಾಶವಾಗಿತ್ತು. ಬದುಕಿ ಉಳಿದವರು ಮತ್ತೆ ಕಟ್ಟಿದರು. ಈಗ ಯುನೆಸ್ಕೊ ಪಟ್ಟಿಯಲ್ಲಿದೆ.

ನಾನು ಹೋದ ಮನೆಯ ಜಗಲಿಯಲ್ಲಿ ಇಪ್ಪತ್ತರ ಆಸುಪಾಸಿನ ಹುಡುಗ ಚಾಪೆ ಮೇಲೆ ಕೂತಿದ್ದ. ಮುಂದೆ ಮರದ ದಿಮ್ಮಿ, ಅದರ ಮೇಲೆ ಹದ ಮಾಡಿದ ಹಸುವಿನ ಚರ್ಮ. ಪಕ್ಕದಲ್ಲಿ ಹತ್ತು ಹದಿನೈದು ಸಣ್ಣ ಉಳಿಗಳು. ಒಂದರ ತುದಿ ಗುಂಡಗೆ, ಒಂದರದು ಅರ್ಧಚಂದ್ರ, ಒಂದರದು ಅಕ್ಕಿಕಾಳಿನ ಹಾಗೆ. ಟಕ್, ಟಕ್, ಒಂದು ತೂತಿಗೆ ಎರಡೇ ಏಟು. ಹನುಮಂತನ ಬಾಲದ ಒಂದು ಗೇಣು ಮುಗಿಯಲು ಇಪ್ಪತ್ತು ನಿಮಿಷ ಹಿಡಿಯಿತು. ಆಮೇಲೆ ಚರ್ಮ ಎತ್ತಿ ಬೆಳಕಿಗೆ ಹಿಡಿದ. ಬೆಳಿಗ್ಗೆ ಪ್ರೇಹ್ ಕೋ ಬಾಗಿಲ ಮೇಲೆ ಕಂಡ ಅದೇ ಬಳ್ಳಿಯ ಸುರುಳಿ, ಈ ಸಲ ಬೆಳಕಿನಲ್ಲಿ.

ಫೋಟೊಗೆ ಮೊದಲು ಕೇಳಿ. ಕೆಲಸ ನಿಂತಾಗ ಮಾತಾಡಿಸಿ. ‘ಅಕುನ್’ ಎಂದರೆ ಧನ್ಯವಾದ. ಅದೊಂದು ಪದಕ್ಕೇ ಮುಖ ಅರಳುತ್ತದೆ. ಏನಾದರೂ ಕೊಳ್ಳುವುದಾದರೆ ಹಿಂಬದಿ ತಿರುಗಿಸಿ ನೋಡಿ. ಕೈಯಲ್ಲಿ ಕೊರೆದದ್ದರಲ್ಲಿ ತೂತುಗಳ ಅಂತರ ಕೂದಲೆಳೆಯಷ್ಟು ಹೆಚ್ಚು ಕಮ್ಮಿ ಇರುತ್ತದೆ. ಎರಡು ದಿನ ಕೂತು ಮಾಡಿದ ವಸ್ತುವಿಗೆ ಒಂದು ಡಾಲರಿಗಾಗಿ ಎಳೆದಾಡಬೇಡಿ. ಗುಡಿಗಳ ಬಳಿ ಪೋಸ್ಟ್‌ಕಾರ್ಡ್ ಮಾರುವ ಪುಟ್ಟ ಮಕ್ಕಳಿಂದ ಮಾತ್ರ ಕೊಳ್ಳಬೇಡಿ. ವ್ಯಾಪಾರ ಆದಷ್ಟೂ ಅವರು ಶಾಲೆಯಿಂದ ದೂರವಾಗುತ್ತಾರೆ. ‘ಹಳೆಯ ವಿಗ್ರಹ’ ಎಂದು ಯಾರಾದರೂ ಏನಾದರೂ ತೋರಿಸಿದರೆ ಅಲ್ಲಿಂದ ಎದ್ದುಬನ್ನಿ. ಪುರಾತನ ವಸ್ತುಗಳನ್ನು ದೇಶದಿಂದ ಹೊರಗೆ ಒಯ್ಯುವುದು ಅಪರಾಧ.

ಹಳ್ಳಿಯಲ್ಲಿ ಯಾರೂ ಸಿಗದಿದ್ದರೆ ಪಟ್ಟಣದ ಒಳಗಿರುವ ಆರ್ಟಿಸಾನ್ಸ್ ಅಂಕೋರ್ ಕಾರ್ಯಾಗಾರಕ್ಕೆ ಹೋಗಿ. 1990ರ ದಶಕದಲ್ಲಿ ಹಳ್ಳಿ ಯುವಕರಿಗೆ ಕಸುಬು ಕಲಿಸುವ ಶಾಲೆಯಾಗಿ ಶುರುವಾದದ್ದು. ಕಲ್ಲು, ಮರ, ಅರಗಿನ ಕೆಲಸಗಳನ್ನು ಉಚಿತವಾಗಿ ಸುತ್ತಿಸಿ ತೋರಿಸುತ್ತಾರೆ.

12:30 – ಊಟ, ಮತ್ತು ಉಳಿದ ದಿನ

ಸಸ್ಯಾಹಾರಿಗಳು ಹಳ್ಳಿಯಲ್ಲಿ ಊಟ ಮಾಡುವುದಾದರೆ ‘ಮಾಂಸ ಬೇಡ’ ಎಂದಷ್ಟೇ ಹೇಳಿದರೆ ಸಾಲದು. ಮೀನಿನ ಸಾಸ್ ಮತ್ತು ಪ್ರಹೋಕ್ ಎಂಬ ಹುಳಿ ಬರಿಸಿದ ಮೀನಿನ ಪೇಸ್ಟ್ ತುಂಬಾ ಅಡುಗೆಗಳಲ್ಲಿ ಸೇರಿರುತ್ತದೆ. ಗೈಡ್ ಕೈಯಲ್ಲಿ ಬಿಡಿಸಿ ಹೇಳಿಸಿ. ಸಿಯೆಮ್ ರೀಪ್‌ನಲ್ಲಿ ಸಸ್ಯಾಹಾರಕ್ಕೆ ಕಷ್ಟವಿಲ್ಲ.

ಚರ್ಮದ ತುಂಡು ಕೊಂಡಿದ್ದರೆ ಸುತ್ತಬೇಡಿ, ಮಡಚಬೇಡಿ. ಎರಡು ರಟ್ಟಿನ ನಡುವೆ ಇಟ್ಟು ಸೂಟ್‌ಕೇಸಿನ ತಳಕ್ಕೆ ಹಾಕಿ. ಮೂರು ದಿನದ ಪಾಸಿನಲ್ಲಿ ಒಂದು ದಿನ ಬೆಳಿಗ್ಗೆಯೇ ಖರ್ಚಾಗಿರುತ್ತದೆ, ಅದು ಇಡೀ ದಿನಕ್ಕೆ ಲೆಕ್ಕ. ಹಾಗಾಗಿ ಊಟ ಮಾಡಿ ಒಂದು ಗಂಟೆ ಮಲಗಿ, ಮೂರು ಗಂಟೆಗೆ ಅಂಕೋರ್ ವಾಟ್‌ಗೆ ಹೊರಡಿ. ಅದರ ಮುಖ ಪಶ್ಚಿಮಕ್ಕೆ. ಸಂಜೆಯ ಬಿಸಿಲು ಅಲ್ಲಿ ಎದುರಿನಿಂದಲೇ ಬೀಳುತ್ತದೆ.