ಕಿರ್ಸ್ಟನ್ ವಾಲ್ಟರ್ ನಟನೆ ನೋಡಬೇಕಾ? ಹೀಗೆ ಶುರು ಮಾಡಿ

ಡೆನ್ಮಾರ್ಕಿನ ಓಲ್ಸೆನ್ ಗ್ಯಾಂಗ್ ಸಿನಿಮಾಗಳು ಅಂದ ಕೂಡಲೇ ಮೂವರು ಕಳ್ಳರು ನೆನಪಾಗುತ್ತಾರೆ. ಪ್ಲಾನ್ ಹಾಕುವ ಎಗಾನ್, ಅವನ ಬಲಗೈ ಬೆನ್ನಿ, ಎಲ್ಲದಕ್ಕೂ ಹೆದರುವ ಕೆಲ್. ನನಗೆ ಮಾತ್ರ ಮೊದಲು ನೆನಪಾಗುವುದು ಕೆಲ್‌ನ ಹೆಂಡತಿ ಇವೊನ್. ಆ ಪಾತ್ರ ಮಾಡಿದವರು ಕಿರ್ಸ್ಟನ್ ವಾಲ್ಟರ್ (1933–1987). ನಮ್ಮಲ್ಲಿ ಇವರ ಹೆಸರು ಕೇಳಿದವರೇ ಕಡಿಮೆ.

ಎರಿಕ್ ಬಾಲಿಂಗ್ ನಿರ್ದೇಶನದ ಈ ಸರಣಿಯಲ್ಲಿ 1968ರಿಂದ 1981ರವರೆಗೆ 13 ಚಿತ್ರ ಬಂದವು. ಮೊದಲನೆಯದರಿಂದಲೇ ಹೊರಡಬೇಕಂತಿಲ್ಲ. 1972ರಿಂದ 1976ರ ನಡುವಿನ ಯಾವುದಾದರೂ ಒಂದು ಹಾಕಿಕೊಳ್ಳಿ, ಡೇನಿಶ್ ಭಾಷೆಯಲ್ಲೇ, ಸಬ್‌ಟೈಟಲ್ ಜೊತೆಗೆ. ಪೂರ್ವ ಜರ್ಮನಿಯಲ್ಲಿ ಇವು ತುಂಬಾ ಓಡಿದವು, ಹಾಗಾಗಿ ಜರ್ಮನ್ ಡಬ್ಬಿಂಗ್ ಕೂಡ ಸಿಗುತ್ತದೆ. ಅದು ಬೇಡ. ಇವರ ನಟನೆಯಲ್ಲಿ ಅರ್ಧ ಇರುವುದೇ ಆ ದನಿಯಲ್ಲಿ!

ಮೊದಲ ಸಲ ಸುಮ್ನೆ ಕಥೆ ನೋಡಿ ನಗಿ. ಎರಡನೇ ಸಲ ಕೆಲ್ ಮನೆಯ ದೃಶ್ಯಗಳನ್ನಷ್ಟೇ ನೋಡಿ. ಮೂವರೂ ಮೇಜಿನ ಮೇಲೆ ಬಗ್ಗಿಕೊಂಡು ಗುಟ್ಟಾಗಿ ಪ್ಲಾನ್ ಹಾಕುತ್ತಿರುತ್ತಾರೆ, ಅಷ್ಟರಲ್ಲಿ ಇವೊನ್ ಒಳಗೆ ಬಂದು ದುಡ್ಡಿನ ಮಾತು ಎತ್ತುತ್ತಾಳೆ, ಕೆಲ್ ಕೂತಲ್ಲೇ ಮುದುಡಿಕೊಳ್ಳುತ್ತಾನೆ. ಗಮನಿಸಿ, ವಾಲ್ಟರ್ ನಮ್ಮನ್ನು ನಗಿಸಲು ಹೋಗುವುದೇ ಇಲ್ಲ. ಆ ಹೆಂಗಸಿಗೆ ನಿಜವಾಗಿಯೂ ಸಿಟ್ಟು ಬಂದಿದೆ. ಪ್ರತಿ ಸಲವೂ ಲಕ್ಷಗಟ್ಟಲೆ ಬರುತ್ತೆ ಅಂತಾರೆ, ಕೊನೆಗೆ ಎಗಾನ್ ಮತ್ತೆ ಜೈಲಿಗೆ, ಮನೆಗೆ ಬಿಡಿಗಾಸಿಲ್ಲ. ಸಿಟ್ಟು ಬರಲೇಬೇಕು ಅಲ್ವಾ? ವಾಲ್ಟರ್ ಮಾತು ನಿಲ್ಲಿಸಿ ಬೇರೆಯವರ ಮಾತು ಕೇಳಿಸಿಕೊಳ್ಳುವಾಗ ಮುಖ ನೋಡಲು ಮರೆಯಬೇಡಿ, ಬೇಕಿದ್ದರೆ ಸೌಂಡ್ ಆಫ್ ಮಾಡಿ ನೋಡಿ.

ಇನ್ನೊಂದು ಉಪಾಯ ಇದೆ, ನನಗೆ ತುಂಬಾ ಉಪಯೋಗವಾದದ್ದು. ಇದೇ ಕಥೆಗಳನ್ನು ನಾರ್ವೆಯವರು 1969ರಿಂದ ತಮ್ಮ ಭಾಷೆಯಲ್ಲಿ ಮತ್ತೆ ತೆಗೆದರು. ಅಲ್ಲಿ ಆ ಹೆಂಡತಿಯ ಹೆಸರು ವಾಲ್‌ಬೋರ್ಗ್, ನಟಿ ಔಡ್ ಶೊನೆಮನ್. ಕಥೆ ಒಂದೇ ಇರುವ ಎರಡು ಚಿತ್ರ ಹುಡುಕಿ, ಅಕ್ಕಪಕ್ಕ ಇಟ್ಟು ನೋಡಿ. ವಾಲ್ಟರ್ ಪಾತ್ರಕ್ಕೆ ತಮ್ಮದೇ ಆಗಿ ಏನು ಸೇರಿಸಿದ್ದಾರೆ ಅನ್ನೋದು ಆಗ ಎದ್ದು ಕಾಣುತ್ತದೆ.

ಆಮೇಲೆ ಟಿವಿ. ‘ಹೂಸೆಟ್ ಪೋ ಕ್ರಿಸ್ಟಿಯಾನ್ಸ್‌ಹಾವ್ನ್’ ಅನ್ನೋ ಧಾರಾವಾಹಿ 1970ರಿಂದ 1977ರವರೆಗೆ 84 ಕಂತು ಬಂತು, ಅದರಲ್ಲಿ ಅವರದು ಕಾರ್ಲಾ ಪಾತ್ರ. ಹೆಸರುಗಳು ಗೊಂದಲ ಮಾಡುತ್ತವೆ, ಹುಷಾರು. ಇಲ್ಲಿ ಎಗಾನ್ ಅಂದರೆ ಕಾರ್ಲಾಳ ಗಂಡ. ಸಿನಿಮಾದಲ್ಲಿ ಎಗಾನ್ ಆಗಿದ್ದ ಓವೆ ಸ್ಪ್ರೋಗೋ ಇಲ್ಲಿ ಬರೀ ಓಲ್ಸೆನ್.

ಪೂರ್ತಿ ಪಟ್ಟಿ ಬೇಕಿದ್ದರೆ ಡ್ಯಾನಿಶ್ ಫಿಲ್ಮ್ ಇನ್‌ಸ್ಟಿಟ್ಯೂಟ್‌ನ ಡೇಟಾಬೇಸ್‌ನಲ್ಲಿ ವಾಲ್ಟರ್ ಹೆಸರು ಹಾಕಿ. ಚಿತ್ರದ ಹೆಸರು ಸಿಗದಿದ್ದರೆ ಡೇನಿಶ್ ಭಾಷೆಯಲ್ಲಿ ಬರುವ, ಮೇಲೆ ಪುಟ್ಟ ಸೊನ್ನೆ ಇರುವ ‘ಎ’, ಅಡ್ಡಗೆರೆ ಬಿದ್ದ ‘ಒ’ ಅಕ್ಷರಗಳನ್ನು ಕಾಪಿ ಮಾಡಿ ಹಾಕಿ ನೋಡಿ.

ಆ 13 ಚಿತ್ರಗಳಾದ ಎಷ್ಟೋ ವರ್ಷಕ್ಕೆ, 1998ರಲ್ಲಿ ಬಂದ ಗ್ಯಾಂಗಿನ ಇನ್ನೊಂದು ಚಿತ್ರ ಕಡೆಗಿರಲಿ. ಅದು ಬರುವ ಹೊತ್ತಿಗೆ ವಾಲ್ಟರ್ ತೀರಿಕೊಂಡು 11 ವರ್ಷ ಆಗಿತ್ತು. ಉಳಿದದ್ದೆಲ್ಲ ನೋಡಿ ಮುಗಿಸಿ ಅದಕ್ಕೆ ಬಂದರೆ, ಇವೊನ್ ಯಾವಾಗ ಬಾಗಿಲು ತಳ್ಳಿಕೊಂಡು ಬರುತ್ತಾಳೋ ಅಂತ ಕಾಯುತ್ತಲೇ ಇರುತ್ತೀರಿ.