ತೆರೆಯುವುದು ಗಡಿಯಾರ, ಮುಚ್ಚುವುದು ಸಂವೇದಕ: ಸ್ವಯಂಚಾಲಿತ ಗಿಡದ ತೊಟ್ಟಿಯ ನನ್ನ ಅನುಭವ

ನೀರುಗಿಡಗಳ ಜೊತೆ ಮೀನುಗಳಿರುವ ಸುಮಾರು 120 ಲೀಟರಿನ ತೊಟ್ಟಿಯನ್ನು ಯಂತ್ರಗಳ ವಶಕ್ಕೆ ಒಪ್ಪಿಸುತ್ತೇನೆಂದಾಗ, ವರ್ಷಗಟ್ಟಲೆ ಮೀನು ಸಾಕಿದ ಗೆಳೆಯರು, ಒಂದು ರಿಲೇ (ವಿದ್ಯುತ್ತಿನಿಂದ ನಡೆಯುವ ಸ್ವಿಚ್) ಕೆಟ್ಟರೆ ಮೀನುಗಳೆಲ್ಲ ಹೋಗುತ್ತವೆ ಎಂದು ಎಚ್ಚರಿಸಿದ್ದರು. ಅವರ ಭಯ ನಿರಾಧಾರವಾಗಿರಲಿಲ್ಲ. ಆದರೂ ಆ ತೊಟ್ಟಿಗೆ ಈಗ ಹದಿನಾಲ್ಕು ತಿಂಗಳಾಗಿದೆ. ಕಳೆದ ಎಂಟು ತಿಂಗಳಲ್ಲಿ ಒಂದು ಮೀನೂ ಸತ್ತಿಲ್ಲ, ರೋಟಾಲಾ ಎಂಬ ನೀರುಗಿಡದ ತುದಿಗಳು ನಾನು ಬಯಸಿದಷ್ಟು ಕೆಂಪಾಗಿವೆ.

ಗಿಡಗಳಿಗಾಗಿ ನೀರಿಗೆ ಬಿಡುವ ಕಾರ್ಬನ್ ಡೈಆಕ್ಸೈಡ್ ಹೆಚ್ಚಿದಂತೆ ನೀರಿನ ಪಿಎಚ್ (ಆಮ್ಲೀಯತೆಯ ಅಳತೆ) ಇಳಿಯುತ್ತದೆ. ನನ್ನ ಮೊದಲ ತಪ್ಪು, ಅದನ್ನು ನೋಡಿ ಅನಿಲ ಬಿಡುವ ಪಿಎಚ್ ನಿಯಂತ್ರಕ. ಪಿಎಚ್ ಏರಿದಾಗ ಸೊಲೆನಾಯ್ಡ್ (ಅನಿಲದ ವಿದ್ಯುತ್ ಕವಾಟ) ತೆರೆದು, ಇಳಿದಾಗ ಮುಚ್ಚುವ ಆ ವ್ಯವಸ್ಥೆ ಕಾಗದದ ಮೇಲೆ ಸೊಗಸಾಗಿತ್ತು. ಮೂರನೆಯ ತಿಂಗಳಿಗೆ ಎಲೆಕ್ಟ್ರೋಡ್ ನಿಖರತೆ ಕಳೆದುಕೊಂಡು ಪಿಎಚ್ಚನ್ನು ನಿಜಕ್ಕಿಂತ ಹೆಚ್ಚು ತೋರಿಸತೊಡಗಿತು. ಅದನ್ನು ನಂಬಿದ ನಿಯಂತ್ರಕ ರಾತ್ರಿಯಿಡೀ ಕಾರ್ಬನ್ ಡೈಆಕ್ಸೈಡ್ ಬಿಟ್ಟಿತು. ಬೆಳಿಗ್ಗೆ ಮೀನುಗಳೆಲ್ಲ ನೀರಿನ ಮೇಲ್ಮೈಯಲ್ಲಿ ಬಾಯಿ ತೆರೆಯುತ್ತಿದ್ದವು, ಏಳೆಂಟು ನಿಯಾನ್ ಟೆಟ್ರಾಗಳು ಸತ್ತಿದ್ದವು. ಒಟ್ಟು ಖರ್ಚಿನ ಕಾಲು ಭಾಗ ಆ ಒಂದು ಪೆಟ್ಟಿಗೆಗೇ ಹೋಗಿತ್ತು ಎಂಬುದು ನನಗೆ ಇಂದಿಗೂ ನೋಯುತ್ತದೆ. ಅನಿಲದ ಮಟ್ಟ ದಿನದಿಂದ ದಿನಕ್ಕೆ ಏರಿಳಿದದ್ದರಿಂದ ಅನೂಬಿಯಾಸ್ ಎಲೆಗಳ ಅಂಚಿಗೆ ಕಪ್ಪು ಗಡ್ಡದ ಪಾಚಿಯೂ ಹಿಡಿಯಿತು.

ಆಮೇಲೆ ನಾನು ಒಂದೇ ನಿಯಮಕ್ಕೆ ಬಂದೆ: ಸಂವೇದಕಕ್ಕೆ ನಿಲ್ಲಿಸುವ ಅಧಿಕಾರ ಇರಲಿ, ತೆರೆಯುವ ಅಧಿಕಾರ ಬೇಡ. ಈಗ ಸೊಲೆನಾಯ್ಡನ್ನು ತೆರೆಯುವುದು ಟೈಮರ್ ಮಾತ್ರ: ದೀಪ ಹೊತ್ತುವ ಎರಡು ಗಂಟೆ ಮೊದಲು ತೆರೆದು, ಆರುವ ಒಂದು ಗಂಟೆ ಮೊದಲು ಮುಚ್ಚುತ್ತದೆ. ದೀಪ ಏಳು ಗಂಟೆ ಉರಿಯುತ್ತದೆ. ಅನಿಲದ ಹರಿವನ್ನು ಹದಗೊಳಿಸುವ ಸೂಜಿ ಕವಾಟವನ್ನು ದಿನಕ್ಕೆ ಕೂದಲೆಳೆಯಷ್ಟು ತಿರುಗಿಸುತ್ತಾ, ದೀಪ ಹೊತ್ತುವ ವೇಳೆಗೆ ಪಿಎಚ್ ಸುಮಾರು ಒಂದು ಅಂಕ ಇಳಿದು ಕರಗಿದ ಅನಿಲದ ಮಟ್ಟವನ್ನು ಬಣ್ಣದಲ್ಲಿ ತೋರಿಸುವ ಡ್ರಾಪ್ ಚೆಕರ್ ಹಸಿರಾಗುವಂತೆ (ಅಂದರೆ ಮಟ್ಟ ಸರಿಯಾಗುವಂತೆ) ಮಾಡಲು ಎರಡು ವಾರ ಹಿಡಿಯಿತು. ಇಎಸ್‌ಪಿ32 ಎಂಬ ಪುಟ್ಟ ನಿಯಂತ್ರಕ ಚಿಪ್ ಪಿಎಚ್ಚನ್ನು ನೋಡುತ್ತಿರುತ್ತದೆ, ಮಿತಿ ಮೀರಿ ಇಳಿದರೆ ಟೈಮರಿನ ವಿದ್ಯುತ್ತನ್ನೇ ಕಡಿಯುತ್ತದೆ. ಪಾಚಿ ಹೊಸ ಎಲೆಗಳಿಗೆ ಹರಡುವುದು ಐದಾರು ವಾರಗಳಲ್ಲಿ ನಿಂತಿತು. ಹಳೆಯ ಎಲೆಗಳನ್ನು ಕತ್ತರಿಸಿದೆ.

ಹೀಟರಿಗೂ ಇದೇ ಕ್ರಮ: ಅದರ ಸ್ವಂತ ಥರ್ಮೋಸ್ಟಾಟ್ 26 ಡಿಗ್ರಿಗೆ, ಹೊರಗಿನ ನಿಯಂತ್ರಕ 25ಕ್ಕೆ. ಒಮ್ಮೆ ಹೊರಗಿನ ನಿಯಂತ್ರಕದ ರಿಲೇಯ ಸಂಪರ್ಕಗಳು ನಿಜಕ್ಕೂ ಅಂಟಿಕೊಂಡವು, ಆದರೆ ಹೀಟರಿನ ಥರ್ಮೋಸ್ಟಾಟ್ ತಡೆದದ್ದರಿಂದ ನೀರು 26 ದಾಟಲಿಲ್ಲ. ಆವಿಯಾದ ನೀರನ್ನು ತುಂಬುವ ಪಂಪಿಗೆ ಸರಣಿಯಲ್ಲಿ, ನೀರಿನ ಮಟ್ಟ ಏರಿದಾಗ ತೇಲಿ ಪಂಪನ್ನು ನಿಲ್ಲಿಸುವ ಎರಡು ಫ್ಲೋಟ್ ಸ್ವಿಚ್‌ಗಳಿವೆ. ಅವೆರಡೂ ಕೈಕೊಟ್ಟರೂ ತೊಟ್ಟಿ ಉಕ್ಕದಂತೆ ಮೀಸಲು ಪಾತ್ರೆಯನ್ನೇ ಐದು ಲೀಟರಿಗೆ ಸೀಮಿತಗೊಳಿಸಿದ್ದೇನೆ. ಆವಿಯಾಗುವುದು ಬರಿಯ ನೀರು, ಲವಣಗಳು ಒಳಗೇ ಉಳಿಯುತ್ತವೆ. ಆದ್ದರಿಂದ ಅದಕ್ಕೆ ಲವಣ ತೆಗೆದ ಆರ್‌ಒ ನೀರನ್ನಷ್ಟೇ ಹಾಕುತ್ತೇನೆ.

ಗೊಬ್ಬರದಲ್ಲಿ ಜಿಪುಣತನ ಮಾಡಿ ಅದನ್ನು ಅಳೆದು ಹಾಕುವ ಒಂದೇ ಡೋಸಿಂಗ್ ಪಂಪ್ ಕೊಂಡು, ಫಾಸ್ಫೇಟನ್ನೂ ಕಬ್ಬಿಣವನ್ನೂ ಒಂದೇ ಬಾಟಲಿಗೆ ಬೆರೆಸಿದ್ದೆ. ನಾಲ್ಕು ದಿನಗಳಲ್ಲಿ ಎರಡೂ ಸೇರಿ ತಳದಲ್ಲಿ ಮಡ್ಡಿ ಕಟ್ಟಿತು, ಕಬ್ಬಿಣ ಸಿಗದೆ ಹೊಸ ಎಲೆಗಳು ಬಿಳಿಚಿಕೊಂಡವು. ಈಗ ಎರಡು ಪಂಪ್, ಎರಡು ಬಾಟಲಿ, ನಡುವೆ ಹನ್ನೆರಡು ಗಂಟೆ ಅಂತರ. ಪಂಪಿನ ಕೊಳವೆ ಸವೆದಂತೆ ಪ್ರಮಾಣ ಕುಗ್ಗುವುದರಿಂದ ತಿಂಗಳಿಗೊಮ್ಮೆ ಅಳತೆ ಕೊಳವೆಯಲ್ಲಿ ಪರೀಕ್ಷಿಸುತ್ತೇನೆ. ರೋಟಾಲಾ ಕೆಂಪೇರಲು ನೈಟ್ರೇಟನ್ನು ಎಷ್ಟು, ಯಾವಾಗ ಇಳಿಸುತ್ತೇನೆ ಎಂಬುದನ್ನು ಮಾತ್ರ ಸದ್ಯಕ್ಕೆ ನನ್ನಲ್ಲೇ ಇಟ್ಟುಕೊಳ್ಳುತ್ತೇನೆ.

ಈ ನಡುವೆ ದೀಪಕ್ಕೆ ಮಧ್ಯಾಹ್ನ ಮೂರು ಗಂಟೆ ವಿರಾಮ ಕೊಟ್ಟು ಆರು ವಾರ ನೋಡಿದೆ. ಪಾಚಿಯಲ್ಲಿ ವ್ಯತ್ಯಾಸ ಕಾಣಲಿಲ್ಲ, ಅನಿಲದ ಹೊಂದಾಣಿಕೆಯಷ್ಟೇ ಕೆಟ್ಟಿತು, ಕೈಬಿಟ್ಟೆ. ವಾರಕ್ಕೊಮ್ಮೆ ಶೇಕಡಾ 40ರಷ್ಟು ನೀರು ಬದಲಿಸುವುದನ್ನು ಇಂದಿಗೂ ಕೈಯಿಂದಲೇ ಮಾಡುತ್ತೇನೆ, ಏಕೆಂದರೆ ಬೇರುಗಳ ನಡುವಿನ ಕಸವೂ ಸೊರಗಿದ ಮೀನೂ ನನ್ನ ಕಣ್ಣಿಗೆ ಬೀಳುವುದು ಆ ಅರ್ಧ ಗಂಟೆಯಲ್ಲಿಯೇ.