ಭಾನುವಾರ ಮಧ್ಯಾಹ್ನ ಒಂದು ಕಣ ಹಿಡಿಯಿರಿ

ಪರಮಾಣುವಿಗಿಂತ ಸಣ್ಣ ಕಣಗಳನ್ನು ಹುಡುಕಲು 27 ಕಿಲೋಮೀಟರ್ ಸುತ್ತಳತೆಯ ಸುರಂಗ ಬೇಕು ಎಂಬುದೇನೋ ನಿಜ. ಆದರೆ ಅದನ್ನು ನೀವು ತೋಡಬೇಕಾಗಿಲ್ಲ. ಜಿನೀವಾದ ಹತ್ತಿರ, ಸ್ವಿಟ್ಜರ್ಲೆಂಡ್ ಮತ್ತು ಫ್ರಾನ್ಸ್ ಗಡಿಯಡಿಯಲ್ಲಿ ಸರ್ನ್ ಸಂಸ್ಥೆ ಅದನ್ನು ತೋಡಿ, ಪ್ರೋಟಾನುಗಳನ್ನು ಎದುರುಬದುರು ಓಡಿಸಿ, ಡಿಕ್ಕಿ ಹೊಡೆಸಿ, ಆದದ್ದನ್ನೆಲ್ಲ ಬರೆದಿಟ್ಟಿದೆ. ಆ ಬರಹದ ಒಂದು ಪಾಲು 2014ರ ನವೆಂಬರ್‌ನಿಂದ ಎಲ್ಲರಿಗೂ ಉಚಿತ. ನಿಮಗೆ ಬೇಕಾಗುವುದು ಒಂದು ಲ್ಯಾಪ್‌ಟಾಪ್, ಯಾವುದಾದರೂ ಸ್ಪ್ರೆಡ್‌ಶೀಟ್ ತಂತ್ರಾಂಶ, ಪಿಯುಸಿಯಲ್ಲಿ ಕಲಿತು ಮರೆತ ಸ್ವಲ್ಪ ಭೌತವಿಜ್ಞಾನ, ಮತ್ತು ಯಾರೂ ಕರೆಯದ ಒಂದು ಮಧ್ಯಾಹ್ನ.

ಹೊಸ ಕಣ ಸಿಗುತ್ತದೆಯೇ? ಇಲ್ಲ. ಸಿಗುವವು ಹಳೆಯವು. ಆದರೆ ಒಂದು ಕಾಲಕ್ಕೆ ಅವೂ ಹೊಸವೇ. ಅವುಗಳ ಪೈಕಿ ಎರಡು ತಮ್ಮನ್ನು ಕಂಡವರಿಗೆ ನೊಬೆಲ್ ತಂದುಕೊಟ್ಟಿವೆ. ಹೊಸದನ್ನು ಹುಡುಕುವವರು ಮಾಡುವುದೂ ಇದೇ ಕೆಲಸ: ಮೊದಲು ಹಳೆಯ ಪರಿಚಿತರು ಸರಿಯಾದ ಜಾಗದಲ್ಲಿ ಕಾಣುತ್ತಾರೆಯೇ ಎಂದು ನೋಡುತ್ತಾರೆ.

ಮೊದಲ ಹೆಜ್ಜೆ: ಕಡತ ಇಳಿಸಿಕೊಳ್ಳಿ

ಸರ್ನ್ ಓಪನ್ ಡೇಟಾ ಎಂಬ ಜಾಲತಾಣಕ್ಕೆ ಹೋಗಿ. ಆ ಸುರಂಗದ ಶೋಧಕಗಳಲ್ಲೊಂದಾದ ಸಿಎಂಎಸ್‌ನ ದತ್ತಾಂಶದಲ್ಲಿ ‘ಡೈಮ್ಯೂಆನ್’ ಎಂದು ಹುಡುಕಿ. 2010ರ ಘರ್ಷಣೆಗಳಿಂದ ಆರಿಸಿದ ಒಂದು ಲಕ್ಷ ಘಟನೆಗಳ ಸಿಎಸ್‌ವಿ ಕಡತ ಸಿಗುತ್ತದೆ. ಇದು ಕಲಿಯುವವರಿಗೆಂದೇ ಹದಮಾಡಿದ ಕಡತ, ಸಂಶೋಧನಾ ಪ್ರಬಂಧ ಬರೆಯಲು ಹೊರಡಬೇಡಿ. ಲಕ್ಷ ಸಾಲುಗಳನ್ನು ತೆರೆಯುವಾಗ ಹಳೆಯ ಲ್ಯಾಪ್‌ಟಾಪ್ ಸ್ವಲ್ಪ ಏದುಸಿರು ಬಿಡುತ್ತದೆ. ಕಾಫಿ ಮಾಡಿಕೊಂಡು ಬನ್ನಿ.

ಎರಡನೆಯ ಹೆಜ್ಜೆ: ಕಡತದಲ್ಲಿ ಇರುವುದೇನು?

ಒಂದೊಂದು ಸಾಲೂ ಒಂದೊಂದು ಡಿಕ್ಕಿ. ಪೂರ್ಣ ಸಾಮರ್ಥ್ಯದಲ್ಲಿ ಓಡುವಾಗ ಸುರಂಗದೊಳಗಿನ ಯಂತ್ರದಲ್ಲಿ, ಅಂದರೆ ವೇಗವರ್ಧಕದಲ್ಲಿ, ಪ್ರೋಟಾನ್ ಗೊಂಚಲುಗಳು ಸೆಕೆಂಡಿಗೆ ನಾಲ್ಕು ಕೋಟಿ ಸಲ ಎದುರಾಗುತ್ತವೆ. ಅಷ್ಟನ್ನೂ ಬರೆದಿಡಲು ಯಾವ ಕಂಪ್ಯೂಟರಿಗೂ ಆಗದು. ಹಾಗಾಗಿ ‘ಟ್ರಿಗರ್’ ಎಂಬ ವ್ಯವಸ್ಥೆ ಅಲ್ಲೇ ಕೇರುತ್ತದೆ: ಜೊಳ್ಳು ಹಾರಿಹೋಗಿ, ಸೆಕೆಂಡಿಗೆ ಹೆಚ್ಚುಕಡಿಮೆ ಸಾವಿರ ಕಾಳು ಮೊರದಲ್ಲಿ ಉಳಿಯುತ್ತವೆ. ಹಾರಿಹೋದದ್ದು ಹೋದದ್ದೇ, ಮತ್ತೆ ಸಿಗುವುದಿಲ್ಲ. ಇಡೀ ಯಂತ್ರದಲ್ಲಿ ನನಗೆ ಅತ್ಯಂತ ಧೈರ್ಯದ ಕೆಲಸವಾಗಿ ಕಾಣುವುದು ಈ ಎಸೆಯುವಿಕೆ.

ಉಳಿದ ಕಾಳುಗಳಲ್ಲಿ ಎರಡು ಮ್ಯೂಆನ್‌ಗಳಿರುವವು ನಿಮ್ಮ ಕಡತಕ್ಕೆ ಬಂದಿವೆ. ಮ್ಯೂಆನ್ ಎಂದರೆ ಎಲೆಕ್ಟ್ರಾನಿನ ದಪ್ಪ ಅಣ್ಣ. ಬೇರೆ ಕಣಗಳೆಲ್ಲ ಬಹುತೇಕ ಶೋಧಕದ ಒಳಪದರಗಳಲ್ಲೇ ನಿಂತುಬಿಟ್ಟರೆ, ಇದು ಕಬ್ಬಿಣದ ದಪ್ಪ ಪದರಗಳನ್ನೂ ತೂರಿ ಹೊರಗೆ ಬರುತ್ತದೆ. ಆದ್ದರಿಂದ ಗುರುತಿಸುವುದು ಸುಲಭ. 14,000 ಟನ್ ತೂಗುವ ಸಿಎಂಎಸ್ ಶೋಧಕದ ಹೆಸರಿನಲ್ಲಿರುವ ‘ಎಂ’ ಅಕ್ಷರವೇ ಮ್ಯೂಆನ್. ಅದರೊಳಗಿನ 3.8 ಟೆಸ್ಲಾ ಕಾಂತಕ್ಷೇತ್ರ ಮ್ಯೂಆನಿನ ದಾರಿಯನ್ನು ಬಾಗಿಸುತ್ತದೆ. ಒಡೆದ ಬಳೆಯ ಚೂರಿನ ಬಾಗು ನೋಡಿಯೇ ಬಳೆಗಾರ ಅದು ಯಾವ ಅಳತೆಯ ಬಳೆ ಎಂದು ಹೇಳುವಂತೆ, ದಾರಿಯ ಬಾಗಿನಿಂದ ಸಂವೇಗ ತಿಳಿಯುತ್ತದೆ. ಕಡಿಮೆ ಬಾಗಿದಷ್ಟೂ ಹೆಚ್ಚು ಸಂವೇಗ.

ಕಡತದ ಕಂಬಸಾಲುಗಳಲ್ಲಿ ನಿಮಗೆ ಬೇಕಾದವು ಇಷ್ಟು: ಇ1 ಎಂದರೆ ಮೊದಲ ಮ್ಯೂಆನಿನ ಶಕ್ತಿ, ಪಿಎಕ್ಸ್1, ಪಿವೈ1, ಪಿಝಡ್1 ಎಂದರೆ ಮೂರು ದಿಕ್ಕಿನಲ್ಲಿ ಅದರ ಸಂವೇಗ, ಕ್ಯೂ1 ಎಂದರೆ ಅದರ ವಿದ್ಯುದಾವೇಶ, ಧನ ಅಥವಾ ಋಣ. ಎರಡನೆಯದಕ್ಕೂ ಹೀಗೆಯೇ. ಶಕ್ತಿ, ಸಂವೇಗಗಳೆಲ್ಲ ಜಿಇವಿ, ಅಂದರೆ ಗಿಗಾ ಎಲೆಕ್ಟ್ರಾನ್ ವೋಲ್ಟ್ ಲೆಕ್ಕದಲ್ಲಿವೆ. ಒಂದು ಪ್ರೋಟಾನಿನ ದ್ರವ್ಯರಾಶಿ ಸುಮಾರು 0.94 ಜಿಇವಿ ಎಂದು ನೆನಪಿಟ್ಟರೆ ಸಾಕು. ಕೊನೆಯಲ್ಲಿ ಎಂ ಎಂಬ ಕಂಬಸಾಲು ಇರುತ್ತದೆ. ಅದು ಉತ್ತರ. ಸದ್ಯಕ್ಕೆ ಅದನ್ನು ಮರೆಮಾಡಿ.

ಮೂರನೆಯ ಹೆಜ್ಜೆ: ತಾಯಿಕಣದ ತೂಕ

ನಾವು ಹುಡುಕುವ ಕಣವನ್ನು ಯಾರೂ ನೋಡುವುದಿಲ್ಲ. ಅದು ಹುಟ್ಟಿದ ಜಾಗದಲ್ಲೇ ಒಡೆದು ಎರಡು ಮ್ಯೂಆನುಗಳಾಗಿ ಹೋಗಿರುತ್ತದೆ. ಆದರೆ ಶಕ್ತಿ ಮತ್ತು ಸಂವೇಗ ಎಲ್ಲಿಗೂ ಕಳೆದುಹೋಗುವುದಿಲ್ಲವಾದ್ದರಿಂದ, ಮಕ್ಕಳಿಬ್ಬರ ಲೆಕ್ಕ ಕೂಡಿಸಿದರೆ ತಾಯಿಯ ದ್ರವ್ಯರಾಶಿ ಸಿಗುತ್ತದೆ. ಕ್ರಮ ಹೀಗೆ: ಎರಡೂ ಶಕ್ತಿಗಳನ್ನು ಕೂಡಿಸಿ ವರ್ಗ ಮಾಡಿ. ಮೂರೂ ದಿಕ್ಕಿನ ಸಂವೇಗಗಳನ್ನು ದಿಕ್ಕುವಾರು ಕೂಡಿಸಿ, ಒಂದೊಂದನ್ನೂ ವರ್ಗ ಮಾಡಿ, ಆ ಮೂರನ್ನೂ ಸೇರಿಸಿ. ಮೊದಲನೆಯದರಿಂದ ಎರಡನೆಯದನ್ನು ಕಳೆದು ವರ್ಗಮೂಲ ತೆಗೆಯಿರಿ.

ಒಂದು ಮ್ಯೂಆನ್ ಪೂರ್ವಕ್ಕೆ 30 ಜಿಇವಿಯಲ್ಲಿ, ಇನ್ನೊಂದು ಉತ್ತರಕ್ಕೆ 40ರಲ್ಲಿ ಹೋಯಿತು ಎನ್ನಿ. ಇಷ್ಟು ಶಕ್ತಿಯಲ್ಲಿ ಮ್ಯೂಆನಿನ ಸ್ವಂತ ತೂಕ ಲೆಕ್ಕಕ್ಕಿಲ್ಲ, ಶಕ್ತಿಯೇ ಸಂವೇಗ. ಶಕ್ತಿ 70, ವರ್ಗ 4,900. ಸಂವೇಗದ ವರ್ಗ 900 ಮತ್ತು 1,600, ಒಟ್ಟು 2,500. ಕಳೆದರೆ 2,400. ವರ್ಗಮೂಲ 49. ಅದೇ ಎರಡು ಮ್ಯೂಆನುಗಳು ಒಂದೇ ದಿಕ್ಕಿಗೆ ಹೋಗಿದ್ದರೆ ಉತ್ತರ ಹೆಚ್ಚುಕಡಿಮೆ ಸೊನ್ನೆ. ಅಂದರೆ ಕೋನದಲ್ಲಿಯೂ ಸುದ್ದಿಯಿದೆ. ನಾನು ಮೊದಲ ಸಲ ದಿಕ್ಕುವಾರು ಕೂಡಿಸುವ ಮೊದಲೇ ವರ್ಗ ಮಾಡಿ, ಅರ್ಧ ಗಂಟೆ ಅರ್ಥವಿಲ್ಲದ ಗುಡ್ಡವೊಂದನ್ನು ದಿಟ್ಟಿಸಿದ್ದೆ. ನೀವು ಹಾಗೆ ಮಾಡಬೇಡಿ. ಸೂತ್ರವನ್ನು ಕೊನೆಯ ಸಾಲಿನವರೆಗೆ ಎಳೆದ ಮೇಲೆ ಮರೆಮಾಡಿದ ಎಂ ತೆರೆದು ತಾಳೆ ನೋಡಿ.

ನಾಲ್ಕನೆಯ ಹೆಜ್ಜೆ: ಗುಡ್ಡೆ ಹಾಕಿ

2ರಿಂದ 110 ಜಿಇವಿವರೆಗೆ ಒಂದೊಂದು ಜಿಇವಿ ಅಗಲದ ಖಾನೆ ಮಾಡಿ, ಎಷ್ಟು ಘಟನೆಗಳು ಯಾವ ಖಾನೆಗೆ ಬೀಳುತ್ತವೆ ಎಂದು ಎಣಿಸಿ ಹಿಸ್ಟೊಗ್ರಾಂ ಬರೆಯಿರಿ. ಲಂಬ ಅಕ್ಷ ಲಾಗ್ ಮಾಪನದಲ್ಲಿರಲಿ. 91ರ ಆಸುಪಾಸಿನಲ್ಲಿ ಒಂದು ದಿಬ್ಬ ಏಳುತ್ತದೆ: ಅದು ದುರ್ಬಲ ಬಲವನ್ನು ಹೊರುವ ಝಡ್ ಬೋಸಾನ್ ಎಂಬ ಕಣ, 1983ರಲ್ಲಿ ಇದೇ ಸರ್ನ್‌ನಲ್ಲಿ ಸಿಕ್ಕಿದ್ದು. ಕಾರ್ಲೊ ರುಬಿಯಾ ಮತ್ತು ಸಿಮೊನ್ ವಾನ್ ಡರ್ ಮೇರ್ ಮರುವರ್ಷವೇ ನೊಬೆಲ್ ಪಡೆದರು.

ಎಡಗಡೆಯ ಕಡಿದಾದ ಇಳಿಜಾರಿಗೆ ಒಂದು ಜಿಇವಿಯ ಖಾನೆ ತೀರಾ ಒರಟು. 2ರಿಂದ 5ರವರೆಗೆ 0.05ರ ಖಾನೆ ಮಾಡಿ ನೋಡಿ. 3.1ರಲ್ಲಿ ಕಂಬದಂತೆ ನಿಂತಿರುವುದು ಜೆ-ಸೈ. 1974ರ ನವೆಂಬರ್‌ನಲ್ಲಿ ಅಮೆರಿಕದ ಎರಡು ದಂಡೆಗಳಲ್ಲಿ ಇಬ್ಬರು ಇದನ್ನು ಬೇರೆ ಬೇರೆಯಾಗಿ ಕಂಡರು: ಸ್ಯಾಮ್ಯುಯೆಲ್ ಟಿಂಗ್ ‘ಜೆ’ ಎಂದರು, ಬರ್ಟನ್ ರಿಕ್ಟರ್ ‘ಸೈ’ ಎಂದರು. ಯಾರೂ ಬಿಟ್ಟುಕೊಡದೆ ಎರಡು ಹೆಸರೂ ಉಳಿದವು. ಇಂಥದೇ ಸಣ್ಣ ಖಾನೆಗಳನ್ನು ಮುಂದಕ್ಕೂ ಮಾಡಿದರೆ 9.5ರ ಬಳಿ ಅಪ್ಸಿಲಾನ್ ಎಂಬ ಕಣ, ಅದರ ಬೆನ್ನಿಗೆ ಅದರದೇ ಕುಟುಂಬದ ಇನ್ನೆರಡು.

ಐದನೆಯ ಹೆಜ್ಜೆ: ನಿಮ್ಮನ್ನೇ ಸಂಶಯಿಸಿ

ಮಜಾ ಶುರುವಾಗುವುದು ಇಲ್ಲಿ. ಎರಡೂ ಮ್ಯೂಆನುಗಳ ಆವೇಶ ಒಂದೇ ಆಗಿರುವ ಸಾಲುಗಳನ್ನು ಮಾತ್ರ ಸೋಸಿ ಮತ್ತೆ ಗ್ರಾಫ್ ಬರೆಯಿರಿ. ಆವೇಶವಿಲ್ಲದ ತಾಯಿಗೆ ಒಂದೇ ಆವೇಶದ ಅವಳಿಗಳು ಹುಟ್ಟಲಾರರು. ಆದ್ದರಿಂದ ದಿಬ್ಬಗಳೆಲ್ಲ ಅಡಗಬೇಕು. ಅಡಗದಿದ್ದರೆ ಸೂತ್ರ ತಪ್ಪಿದೆ.

ಆಮೇಲೂ ಎಲ್ಲೋ ಒಂದು ಖಾನೆ ಅಕ್ಕಪಕ್ಕದವುಗಳಿಗಿಂತ ಎತ್ತರವಾಗಿ ಕಾಣುತ್ತದೆ, ಎದೆ ಹೊಡೆದುಕೊಳ್ಳುತ್ತದೆ. ಲೆಕ್ಕ ಹಾಕಿ: ನೆರೆಹೊರೆ ನೋಡಿದರೆ 400 ಇರಬೇಕಿತ್ತು, 460 ಇದೆ. 400ರ ವರ್ಗಮೂಲ 20, ಆಕಸ್ಮಿಕ ಏರಿಳಿತ ಅಷ್ಟು. ಹೆಚ್ಚಿಗೆ ಬಂದ 60 ಅದರ ಮೂರು ಪಟ್ಟು, ಅಂದರೆ ಮೂರು ಸಿಗ್ಮಾ. ಇದು ತಾನಾಗಿಯೇ ಆಗುವ ಸಂಭವ ಸುಮಾರು 740ರಲ್ಲಿ ಒಂದು. ಸಾಕಲ್ಲವೇ? ಸಾಲದು. ನೂರು ಖಾನೆಗಳನ್ನು ನೋಡುತ್ತಿದ್ದೀರಿ. ಅಷ್ಟರಲ್ಲಿ ಯಾವುದಾದರೊಂದು ಹೀಗೆ ಏಳುವುದು ಎಂಟು ಸಲಕ್ಕೊಮ್ಮೆ ಸಹಜ. ಆದ್ದರಿಂದಲೇ ಕಣ ಭೌತವಿಜ್ಞಾನಿಗಳು ಐದು ಸಿಗ್ಮಾ ಆಗುವ ತನಕ ‘ಕಂಡುಹಿಡಿದೆವು’ ಎನ್ನುವುದಿಲ್ಲ: 35 ಲಕ್ಷದಲ್ಲಿ ಒಂದು.

ಈ ಶಿಸ್ತು ಪೆಟ್ಟು ತಿಂದು ಬಂದದ್ದು. 1976ರಲ್ಲಿ ಅಮೆರಿಕದ ಫರ್ಮಿಲ್ಯಾಬ್‌ನಲ್ಲಿ ಲಿಯಾನ್ ಲೆಡರ್‌ಮನ್ ತಂಡ 6 ಜಿಇವಿಯಲ್ಲಿ ಹೊಸ ಕಣವಿದೆ ಎಂದು ಅಪ್ಸಿಲಾನ್ ಎಂದು ನಾಮಕರಣವನ್ನೂ ಮಾಡಿಬಿಟ್ಟಿತು. ದತ್ತಾಂಶ ಹೆಚ್ಚಿದಂತೆ ಅದು ಕರಗಿತು. ಗೆಳೆಯರು ‘ಊಪ್ಸ್-ಲಿಯಾನ್’ ಎಂದು ಆಡಿಕೊಂಡರು. ಮರುವರ್ಷ ಅದೇ ತಂಡಕ್ಕೆ 9.5ರಲ್ಲಿ ನಿಜವಾದದ್ದು ಸಿಕ್ಕಿತು, ಹೆಸರು ಅದಕ್ಕೆ ಹೋಯಿತು. ನಿಮ್ಮ ಗ್ರಾಫಿನಲ್ಲಿ 6ರ ಬಳಿ ಒಮ್ಮೆ ನೋಡಿ: ಏನೂ ಇಲ್ಲ.

ನಮ್ಮ ಕೋಲಾರಕ್ಕೂ ಇಂಥದ್ದೊಂದು ಕಥೆಯಿದೆ. ಚಿನ್ನದ ಗಣಿಯ ಆಳದಲ್ಲಿ ನ್ಯೂಟ್ರಿನೊ ಎಂಬ ಹಗುರ ಕಣಗಳಿಗಾಗಿ ಶೋಧಕ ಇಟ್ಟಿದ್ದವರಿಗೆ, ಬಂಡೆಯಿಂದಲ್ಲದೆ ಖಾಲಿ ಗಾಳಿಯಿಂದಲೇ ಹೊರಟಂತೆ ಕಂಡ ಕೆಲವೇ ಕೆಲವು ಹೆಜ್ಜೆಗುರುತುಗಳು ಸಿಕ್ಕವು. ಭಾರವಾದ, ದೀರ್ಘಾಯುವಾದ ಹೊಸ ಕಣವೊಂದು ಒಡೆದ ಗುರುತೇ ಎಂದು 1975ರಲ್ಲಿ ಪ್ರಕಟಿಸಿದರು. ‘ಕೋಲಾರ ಘಟನೆಗಳು’ ಎಂದು ಲೋಕದ ಭೌತವಿಜ್ಞಾನಿಗಳ ಬಾಯಲ್ಲಿ ಅವು ಓಡಾಡಿದವು. ವೇಗವರ್ಧಕಗಳಲ್ಲಿ ಹುಡುಕಿದವರಿಗೆ ಸಿಗಲಿಲ್ಲ.

ಎರಡು ತಂಡಗಳು ಒಟ್ಟಿಗೆ ಕಂಡರೂ ನಂಬುವಂತಿಲ್ಲ. 2015ರ ಡಿಸೆಂಬರ್‌ನಲ್ಲಿ ಅದೇ ಸುರಂಗದ ಇನ್ನೊಂದು ಶೋಧಕವಾದ ಅಟ್ಲಾಸ್ ಮತ್ತು ಸಿಎಂಎಸ್ ಎರಡೂ 750 ಜಿಇವಿಯ ಬಳಿ ಸಣ್ಣ ದಿಬ್ಬ ತೋರಿಸಿದವು. ಅದನ್ನು ವಿವರಿಸಲು ನೂರಾರು ಪ್ರಬಂಧಗಳು ಬಂದವು. 2016ರ ಆಗಸ್ಟ್ ಹೊತ್ತಿಗೆ ದತ್ತಾಂಶ ಹೆಚ್ಚಾಯಿತು, ದಿಬ್ಬ ಇರಲಿಲ್ಲ.

ಹಾಗಾಗಿ ನಿಮ್ಮ ದಿಬ್ಬವನ್ನೂ ಕಾಡಿಸಿ. ಖಾನೆಯ ಅಗಲ ಬದಲಿಸಿ. ಖಾನೆಗಳನ್ನು ಅರ್ಧ ಅಗಲದಷ್ಟು ಪಕ್ಕಕ್ಕೆ ಸರಿಸಿ. ಕಡತವನ್ನು ಎರಡು ಪಾಲು ಮಾಡಿ ಎರಡರಲ್ಲೂ ಹುಡುಕಿ. ಜೆ-ಸೈ ಇದಕ್ಕೆಲ್ಲ ಜಗ್ಗುವುದಿಲ್ಲ.

ಮುಂದೆ ಹೋಗಬೇಕೆನ್ನುವವರಿಗೆ

ಹಿಗ್ಸ್ ಬೋಸಾನನ್ನು ಈ ಕಡತದಲ್ಲಿ ಹುಡುಕಬೇಡಿ. ಅದು ಇರುವುದು 125ರಲ್ಲಿ, ಕಡತ ಮುಗಿಯುವುದು 110ಕ್ಕೆ. ಅಲ್ಲದೆ ಸುಮಾರು 5,000 ಹಿಗ್ಸ್‌ಗಳಲ್ಲಿ ಒಂದು ಮಾತ್ರ ಎರಡು ಮ್ಯೂಆನುಗಳಾಗಿ ಒಡೆಯುತ್ತದೆ. 2012ರ ಜುಲೈ 4ರಂದು ಅದನ್ನು ಘೋಷಿಸಿದಾಗ ಮುಖ್ಯವಾಗಿ ನಂಬಿದ್ದು ಎರಡು ಫೋಟಾನುಗಳ ಮತ್ತು ನಾಲ್ಕು ಲೆಪ್ಟಾನುಗಳ (ಎಲೆಕ್ಟ್ರಾನ್, ಮ್ಯೂಆನ್‌ಗಳ ಜಾತಿಯ ಕಣಗಳ) ದಾರಿಗಳನ್ನು. ನಾಲ್ಕು ಲೆಪ್ಟಾನುಗಳ ಉದಾಹರಣೆಯೊಂದು, 2011 ಮತ್ತು 2012ರ ನಿಜವಾದ ದತ್ತಾಂಶದೊಂದಿಗೆ, ಅದೇ ಜಾಲತಾಣದಲ್ಲಿದೆ. ಅದಕ್ಕೆ ಸ್ಪ್ರೆಡ್‌ಶೀಟ್ ಸಾಲದು, ಸ್ವಲ್ಪ ಪ್ರೋಗ್ರಾಮಿಂಗ್ ಬೇಕು. ಸೂತ್ರ ಮಾತ್ರ ಮೂರನೆಯ ಹೆಜ್ಜೆಯದೇ, ಎರಡರ ಬದಲು ನಾಲ್ಕು ಕಣಗಳನ್ನು ಕೂಡಿಸಬೇಕು. ಕೊನೆಗೆ 125ರ ಬಳಿ ಕಾಣುವುದು ಬೆರಳೆಣಿಕೆಯ ಘಟನೆಗಳು.